ರಾಜಿಗೆ ನಿಂತವಳು

ಕಂತು ಹನ್ನೊಂದು

“ಗಂಡನ ಹೆಸರು ಪಟ್ ಅಂತ ಹೇಳಿಬಿಟ್ಳು ನೋಡವ್ವ. ಅಲ್ಲೇ ನನಗ ಕಸಿವಿಸಿ ಆತು,” ಎಂದರು ಅಜ್ಜಯ್ಯ.

ನಾನು ಪೆನ್ನಿನ ಮುಚ್ಚಳ ತೆಗೆದೆ. ತಂಬ್ರಹಳ್ಳಿಯ ಅವರ ಮನೆಕಟ್ಟೆಯ ಮೇಲೆ ಒಂದು ತಾಸು ಕೂತು, ಸೊಸೆ ತಂದುಕೊಟ್ಟ ಎರಡು ಲೋಟ ಚಹಾ ಕುಡಿದು, ಅವರ ಮಂಡಿನೋವಿನ ಚರಿತ್ರೆಯನ್ನೆಲ್ಲ ಕೇಳಿಸಿಕೊಂಡಿದ್ದಕ್ಕೆ ಕಡೆಗೂ ಒಂದು ಮಾತು ಸಿಕ್ಕಿತ್ತು.

ವಿಷಯ ಇಷ್ಟು. ಹಿರೇಹಡಗಲಿಯ ನಾಗಲಿಂಗಮ್ಮ ಬಾವನ ಮೇಲೆ ಹಾಕಿದ್ದ ಪಾಲಿನ ದಾವೆಯಲ್ಲಿ, ಏಳು ತಿಂಗಳ ಹಿಂದೆ ಯಾವಳೋ ಒಬ್ಬಳು ‘ನಾನೇ ನಾಗಲಿಂಗಮ್ಮ’ ಎಂದು ಕೋರ್ಟಿನಲ್ಲಿ ನಿಂತು, ಎರಡೆಕರೆ ಮಲ್ಲಿಗೆ ತೋಟ ಬಾವನಿಗೇ ಇರಲಿ ಎಂದು ರಾಜಿಪತ್ರಕ್ಕೆ ಹೆಬ್ಬೆಟ್ಟು ಒತ್ತಿ ಹೋಗಿದ್ದಳು. ರಾಜಿ ಡಿಕ್ರಿಯಾಗಿತ್ತು. ಸೋಮವಾರ ಮಧ್ಯಾಹ್ನ ಕೋರ್ಟಿನ ಅಮೀನ ಬಂದು ತೋಟವನ್ನು ಬಾವ ಹಾಲೇಶಪ್ಪನ ವಶಕ್ಕೆ ಕೊಡಿಸುವವನಿದ್ದ. ಅವತ್ತು ಶನಿವಾರ.

“ಪಟ್ ಅಂತ ಹೇಳಿದ್ರ ಏನಾತ್ರಿ ಅಜ್ಜಾರ? ಸಾಹೇಬ್ರು ಕೇಳಿದ್ರು, ಆಕಿ ಹೇಳಿದ್ಳು.”

ಅಜ್ಜಯ್ಯ ಶೇಂಗಾ ಬಿಡಿಸುತ್ತಿದ್ದ ಕೈ ನಿಲ್ಲಿಸಿದರು. ಹೋದ ವರ್ಷದ ಕೊನೆಗೆ ನಿವೃತ್ತರಾಗುವವರೆಗೆ ಅವರು ಕೋರ್ಟಿನ ಜವಾನರಾಗಿದ್ದವರು. ಇಷ್ಟೂ ತಿಳಿಯದೇ ಎನ್ನುವಂತೆ ನನ್ನನ್ನು ನೋಡಿದರು.

“ಮೂವತ್ತೊಂದು ವರ್ಷ ಜವಾನನ ಡವಾಲಿ ಪಟ್ಟಿ ಹಾಕ್ಕೊಂಡು ಕೋರ್ಟಿನ ಬಾಗಿಲಾಗ ಹೆಸರು ಕೂಗೀನಿ. ಹಳ್ಳಿ ಹೆಣ್ಮಕ್ಕಳು ಗಂಡನ ಹೆಸರು ಹೇಳ್ತಾರೇನು? ಸಾಹೇಬ್ರು ಕೇಳಿದ ಕೂಡ್ಲೆ ನನ್ನ ಮಾರಿ ನೋಡ್ತಾರ. ನಾ ಕಾಗದ ನೋಡಿ ಹೇಳ್ತೀನಿ, ಅವರು ಹೂಂ ಅಂತಾರ. ಒಮ್ಮೆ ಮೈಸೂರು ಕಡ್ಯಾ ಸಾಹೇಬ್ರೊಬ್ರು ಸಿಟ್ಟಾಗಿ, ‘ನೀನೇ ಹೇಳಮ್ಮ’ ಅಂದ್ರು. ಆ ಮುದುಕಿ, ‘ನೀವೇ ಹೇಳ್ರಿ, ನಿಮಗ ಪಾಪ ಬರಾದಿಲ್ಲ’ ಅಂದಿದ್ಳು.”

ನನಗೆ ನಗು ಬಂತು. ಅಜ್ಜಯ್ಯ ನಗಲಿಲ್ಲ.

“ಈಕಿ ನಲವತ್ತು ದಾಟಿದಾಕಿ. ಮಾರಿ ಮುಚ್ಚೋ ಹಂಗ ಸೆರಗು ಹೊತ್ತಾಳ. ಅಂಥಾಕಿ, ‘ಗಂಡನ ಹೆಸರೇನಮ್ಮ’ ಅಂದ್ರ, ‘ಪಾಲಾಕ್ಷಪ್ಪ ರಿ’ ಅಂದ್ಳು, ನೀರು ಕುಡಿದಂಗ. ಅದೂ ಹೋಗ್ಲಿ ಅಂದ್ಕೊಂಡೆ. ಅದರ ಮುಂದಿಂದು ಕೇಳು. ‘ಯಾರ ಜೊತೆ ರಾಜಿ ಮಾಡ್ಕೊಂಡಿದ್ದೀಯಮ್ಮ’ ಅಂದ್ರು ಸಾಹೇಬ್ರು.”

“ಏನಂದ್ಳು?”

“ಸುಮ್ನಾದ್ಳು. ಮತ್ತ ಕೇಳಿದ್ರು. ಸೆರಗು ಬಾಯಿಗೆ ಹಿಡಿದ್ಳು. ಕಡೀಕ, ‘ಅಲ್ಲಿ ನಿಂತಾರಲ್ರಿ, ಅವರು’ ಅಂತ ಕೈ ಮಾಡಿ ತೋರಿಸಿದ್ಳು. ಹಾಲೇಶಪ್ಪ ಅಂತ ಹೆಸರು ಹೇಳಿದಾವ ನಾನು.”

ನನ್ನ ಬೆನ್ನು ನೆಟ್ಟಗಾಯಿತು.

“ಸಂಶಯ ಬಂದಿತ್ತಲ್ರಿ. ಅವತ್ತ ಯಾಕ ಬಾಯಿ ಬಿಡಲಿಲ್ಲ?”

“ಜವಾನನ ಸಂಶಯಕ್ಕ ಕೋರ್ಟಿನ್ಯಾಗ ಕುರ್ಚಿ ಎಲ್ಲೈತವ್ವ? ನಾಗಲಿಂಗಮ್ಮನ ವಕೀಲ್ರ ‘ಈಕಿನ ನಾಗಲಿಂಗಮ್ಮ’ ಅಂತ ಗುರುತು ಹೇಳಿದ್ರು. ಅವರೂ ಪಾಪ, ವಕಾಲತ್ತು ಬರೆಸಿದ ದಿನ ಒಮ್ಮೆ ನೋಡಿದ್ದಷ್ಟ. ಅವರ ಮ್ಯಾಲೆ ನಾ ಹೇಳಾಕ ಬರ್ತೈತೇನು?”

ಸೋಮವಾರ ಬಂದು ಹೇಳುತ್ತೀರಾ ಎಂದೆ. ಬರುತ್ತೇನೆ, ಮಂಡಿ ಒಂದು ಸಹಕರಿಸಲಿ ಎಂದರು. ಮಂಡಿ ಸಹಕರಿಸದಿದ್ದರೆ ಹೊತ್ತುಕೊಂಡು ಹೋಗುತ್ತೇನೆ ಎಂದು ಹೇಳಿ ಬಸ್‌ಸ್ಟ್ಯಾಂಡಿಗೆ ಓಡಿದೆ.

*

ಪತ್ತೇದಾರಿಕೆ ನನ್ನ ಕಸುಬಲ್ಲ. ಕೋರ್ಟಿನ ಎದುರು ಟೈಪಿಂಗ್ ಮಷಿನ್ ಇಟ್ಟುಕೊಂಡು ಕೂತವಳು ನಾನು. ಆದರೆ ಹದಿನಾರು ವರ್ಷ ಈ ತಾಲೂಕಿನವರ ಸುಳ್ಳುಗಳನ್ನೆಲ್ಲ ಮೂರು ಕಾರ್ಬನ್ ಪ್ರತಿಗಳಲ್ಲಿ ಟೈಪು ಮಾಡಿದವಳಿಗೆ ಸುಳ್ಳಿನ ವಾಸನೆ ಬೇಗ ಮೂಗಿಗೆ ಬಡಿಯುತ್ತದೆ. ಈಗ ಎಲ್ಲರೂ ಕಂಪ್ಯೂಟರ್ ಎನ್ನುತ್ತಿದ್ದಾರೆ. ಅದಕ್ಕೆ ಮೂಗಿದೆಯೇ, ಕೇಳಿ ನೋಡಬೇಕು.

ಬಸ್ಸಿನಲ್ಲಿ ಕೂತು ನನ್ನ ಪಟ್ಟಿ ತೆಗೆದೆ. ಹಾಲೇಶಪ್ಪ ಹೇಳಿದರೆ ಕೋರ್ಟಿಗೆ ಬಂದು ಸುಳ್ಳು ಹೆಸರಿನಲ್ಲಿ ನಿಲ್ಲಬಹುದಾದ ಹೆಂಗಸರು ಮೂವರು. ಒಬ್ಬಳು ಅಂಜಿನಕ್ಕ, ಅವನ ಹೊಲಮನೆ ಕೆಲಸದವಳು. ಇನ್ನೊಬ್ಬಳು ಜಂಬಕ್ಕ, ಕೊಟ್ಟೂರಿಗೆ ಕೊಟ್ಟಿರುವ ಅವನ ಒಡಹುಟ್ಟಿದ ತಂಗಿ. ಮೂರನೆಯವಳು ಶಿವಬಸಮ್ಮ, ಅವನ ಹೆಂಡತಿ.

ಹತ್ತು ದಿನದಿಂದ ನಾನು ಅಂಜಿನಕ್ಕನ ಬೆನ್ನು ಬಿದ್ದಿದ್ದೆ. ಬಡವಿ, ಹೇಳಿದ ಹಾಗೆ ಕೇಳುವವಳು, ಅವಳೇ ಇರಬೇಕು ಎಂದುಕೊಂಡಿದ್ದೆ. ಬಡವರ ಮೇಲೆ ಸಂಶಯ ಬೇಗ ಹುಟ್ಟುತ್ತದೆ. ಆ ಕೆಟ್ಟ ಚಾಳಿ ನನಗೂ ಇದೆ ಎಂದು ಒಪ್ಪಿಕೊಳ್ಳುತ್ತೇನೆ.

ಅಂಜಿನಕ್ಕ ‘ಹಾಲೇಶಪ್ಪ ಗೌಡ್ರು’ ಎಂದು ದಿನಕ್ಕೆ ನೂರು ಸಲ ಹೇಳುತ್ತಾಳೆ. ಆ ಹೆಸರು ಅವಳ ಗಂಟಲಲ್ಲಿ ಸಿಕ್ಕಿಕೊಳ್ಳುವುದಿಲ್ಲ. ಜಂಬಕ್ಕನಿಗೆ ಇಬ್ಬರೂ ಅಣ್ಣಂದಿರು, ಇಬ್ಬರ ಹೆಸರೂ ಬಾಯಿಗೆ ಸಲೀಸು.

ಇನ್ನು ನಾಗಲಿಂಗಮ್ಮ. ಬಾವನ ಹೆಸರನ್ನು ಬೈಗುಳದ ಜೊತೆ ಸೇರಿಸಿ ಊರಿಗೆಲ್ಲ ಕೇಳಿಸುವಂತೆ ಹೇಳುತ್ತಾಳೆ. ಆದರೆ ಅವಳ ಅರ್ಜಿ ಟೈಪು ಮಾಡುವಾಗ ಗಂಡನ ಹೆಸರು ಕೇಳಿದ್ದಕ್ಕೆ, “ರೇಷನ್ ಕಾರ್ಡಿನ್ಯಾಗ ಐತಿ, ನೋಡ್ಕೋರಿ,” ಎಂದು ಕಾರ್ಡನ್ನೇ ಮುಂದೆ ಹಿಡಿದಿದ್ದಳು.

ಹೆಣ್ಣಿನ ಬಾಯಿಗೆ ಊರ ಗಂಡಸರ ಹೆಸರೆಲ್ಲ ಬರುತ್ತದೆ, ಒಂದು ಹೆಸರು ಮಾತ್ರ ಬರುವುದಿಲ್ಲ. ಪಾಲಾಕ್ಷಪ್ಪ ಎಂದು ಪಟ್ಟನೆ ಹೇಳಿ, ಹಾಲೇಶಪ್ಪ ಎನ್ನಲು ಬಾಯಿಗೆ ಸೆರಗು ಹಿಡಿಯುವವಳು ಈ ಭೂಮಿಯ ಮೇಲೆ ಒಬ್ಬಳೇ. ಪಾಲಾಕ್ಷಪ್ಪ ಅವಳ ಮೈದುನ, ಹಾಲೇಶಪ್ಪ ಅವಳ ಗಂಡ.

ಶಿವಬಸಮ್ಮ.

ಆಳು ಬದಲಾಯಿಸಿ ನಿಲ್ಲಿಸಿದರು, ಸೆರಗು ಹೊದಿಸಿದರು, ಕಾಗದ ಪತ್ರ ಎಲ್ಲ ಸರಿ ಮಾಡಿದರು. ಆದರೆ ಇಪ್ಪತ್ತೆಂಟು ವರ್ಷದ ಸಂಸಾರದ ಅಭ್ಯಾಸವನ್ನು ಒಂದು ತಾಸಿನ ಮಟ್ಟಿಗೆ ಬಿಡಿಸುವುದು ಯಾರ ಕೈಲೂ ಆಗಿರಲಿಲ್ಲ.

ಹೂವಿನಹಡಗಲಿಯಲ್ಲಿ ಬಸ್ಸು ಬದಲಿಸುವಾಗ ಎಸ್‌ಟಿಡಿ ಬೂತಿಗೆ ನುಗ್ಗಿ ವಕೀಲ ಸೋಮಶೇಖರ್‌ಗೆ ಫೋನ್ ಮಾಡಿದೆ. ನಾಗಲಿಂಗಮ್ಮನ ಹೊಸ ವಕೀಲರು ಅವರು. ಆ ರಾಜಿ ಮೋಸದ್ದು, ರದ್ದು ಮಾಡಿರಿ ಎಂದು ಅರ್ಜಿ ಹಾಕಿದವರೂ ಅವರೇ. ಅದು ವಿಚಾರಣೆಗೆ ಬರುವುದೂ ಸೋಮವಾರ ಬೆಳಿಗ್ಗೆಯೇ.

“ಗಂಡನ ಹೆಸರು ಹೇಳಿದ್ಳು, ಬಾವನ ಹೆಸರು ಹೇಳಲಿಲ್ಲ ಅಂತ ನಾ ವಾದ ಮಾಡ್ಲೇನು ಶೈಲಾ? ಎದುರಿನ ವಕೀಲ್ರು ನನ್ನ ಹುರಿದು ಮುಕ್ಕತಾರ.”

“ಹೆಬ್ಬೆಟ್ಟು ಪರೀಕ್ಷಾ ಆಗ್ಲಿ ಅನ್ರಿ.”

“ಅದು ಬೆಂಗಳೂರಿಗೆ ಹೋಗಿ ಬರೂದರಾಗ ಮೂರು ತಿಂಗಳು. ಅಮೀನ ಸೋಮವಾರ ಬರ್ತಾನ. ಒಮ್ಮೆ ತೋಟ ಅವನ ವಶಕ್ಕ ಹೋದ್ರ ಗಿಡ ಕಿತ್ತು ಮೆಕ್ಕಿಜೋಳ ಬಿತ್ತತಾನ. ಆಮ್ಯಾಲೆ ಗೆದ್ದು ಏನ್ ಮಾಡ್ತಿ? ಆಕಿ ಬಾಯಿಂದ್ಲೇ ಬರಬೇಕು. ಆಕಿನ್ನ ಕರ್ಕೊಂಡು ಬಾ.”

ಗಂಡನ ಹೆಸರನ್ನೇ ಹೇಳದವಳು ಗಂಡನ ಮೇಲೆ ಸಾಕ್ಷಿ ಹೇಳುತ್ತಾಳಂತೆ. ವಕೀಲರಿಗೆ ಹೇಳುವುದು ಸುಲಭ. ನಾನು ಫೋನು ಕುಕ್ಕಿದೆ.

*

ನಾಗಲಿಂಗಮ್ಮ ತೋಟದಲ್ಲಿ ಗಿಡದ ಬುಡ ಸಡಿಲ ಮಾಡುತ್ತಿದ್ದಳು. ಬೆಳಗಿನ ಮೊಗ್ಗು ಬಿಡಿಸಿ ಬಸ್ಸಿಗೆ ಹಾಕಿ ಬಂದಿದ್ದಳು. ನಾಲ್ಕಡಿ ಹತ್ತಂಗುಲದ ಹೆಂಗಸು, ಕೈಯಲ್ಲಿ ಕಳೆ ಕೀಳುವ ಕುರ್ಚಿಗಿ. ನನ್ನನ್ನು ಕಂಡವಳೇ ಕೇಳಿದ್ದು ಒಂದೇ.

“ಸಿಕ್ಕಳೇನ್ರಿ ಆ ಹಾದರಗಿತ್ತಿ?”

ಅವಳ ಗಂಡ ಪಾಲಾಕ್ಷಪ್ಪ ಒಂಬತ್ತು ವರ್ಷದ ಕೆಳಗೆ ಲಾರಿ ಹತ್ತಿ ಹೋದವನು, ತಿರುಗಿ ಬಂದಿರಲಿಲ್ಲ. ಏಳು ವರ್ಷ ಸುದ್ದಿಯೇ ಇಲ್ಲದವನನ್ನು ಕಾನೂನು ಸತ್ತವನೆಂದು ಎಣಿಸುತ್ತದೆ. ಆ ಲೆಕ್ಕದ ಮೇಲೆಯೇ ಅವಳು ವಿಧವೆಯಾಗಿ ಅವನ ಪಾಲು ಕೇಳಿದ್ದಳು. ಅಣ್ಣತಮ್ಮಂದಿರ ಜಂಟಿ ಆಸ್ತಿಯಲ್ಲಿ ಅವಳ ಪಾಲಿಗೆ ಈ ಎರಡೆಕರೆ ಬಿಟ್ಟರೆ ಬೇರೇನೂ ಇರಲಿಲ್ಲ. ಸುಳ್ಳು ರಾಜಿಯಲ್ಲಿ ಅದಕ್ಕೆ ಬದಲಾಗಿ ಬರೆದಿದ್ದುದು ಹಳೇ ಮನೆಯ ಒಂದು ಖೋಲಿ, ವರ್ಷಕ್ಕೆ ಎರಡು ಸೀರೆ.

“ಸಿಕ್ಕಾಳ,” ಎಂದೆ. “ಕುಂದ್ರು ಮೊದಲು.”

“ನಿಂತೇ ಕೇಳ್ತೀನಿ.”

ಹೇಳಿದೆ. ಅವಳು ಕುರ್ಚಿಗಿಯನ್ನು ಮಣ್ಣಿಗೆ ಚುಚ್ಚಿ ಅದನ್ನೇ ನೋಡುತ್ತಾ ನಿಂತಳು.

“ಅಕ್ಕನಾ? ಸುಳ್ಳು. ನನ್ನ ಕೂಸು ಹೋದಾಗ ಮೂರು ದಿನ ನನಗ ತುತ್ತು ಮಾಡಿ ಉಣಿಸಿದಾಕಿ ಆಕಿ. ನಾವಿಬ್ರು ಅಣ್ಣತಮ್ಮರ ಹೆಂಡ್ರು, ನೆಗೆಣ್ಣೇರು ಅಂದ್ರ ಊರು ನಂಬ್ತಿರಲಿಲ್ಲ.”

“ಸುಳ್ಳಾದ್ರ ಒಳ್ಳೇದು. ನಾ ಹೋಗಿ ಕೇಳಿ ಬರ್ತೀನಿ.”

“ನಾನೂ ಬರ್ತೀನಿ. ನನ್ನ ಮಾರಿ ನೋಡಿ ಹೇಳ್ಲಿ.” ಅವಳು ಸೆರಗು ಸೊಂಟಕ್ಕೆ ಸಿಕ್ಕಿಸಿದಳು. “ಇನ್ನೊಂದು ಕೇಳ್ರಿ ಶೈಲಕ್ಕ. ಅಮೀನ ಬರ್ಲಿ, ಪೊಲೀಸ್ರು ಬರ್ಲಿ, ಈ ಗಿಡಕ್ಕ ಕೈ ಹಚ್ಚೂದಕ್ಕಿಂತ ಮೊದಲು ನನ್ನ ಮೈಗೆ ಕೈ ಹಚ್ಚಬೇಕು. ಅದನ್ನ ನಿಮ್ಮ ಅರ್ಜ್ಯಾಗ ಟೈಪ್ ಮಾಡ್ರಿ.”

ಅರ್ಜಿಯಲ್ಲಿ ಅದಕ್ಕೆ ಜಾಗವಿರುವುದಿಲ್ಲ. ಇರಬೇಕಿತ್ತು ಎಂದು ನನಗೆ ಎಷ್ಟೋ ಸಲ ಅನ್ನಿಸಿದೆ.

*

ಹಾಲೇಶಪ್ಪನ ಮನೆಯ ಬಾಗಿಲು ತೆರೆದೇ ಇತ್ತು. ಒಳಗೆ ನಡುಮನೆ, ಎಡಕ್ಕೆ ಕದ ಮುಚ್ಚಿದ ಒಂದು ಕೋಣೆ, ಹಿಂದೆ ಒಲೆ. ಶಿವಬಸಮ್ಮ ರೊಟ್ಟಿ ಬಡಿಯುತ್ತಿದ್ದಳು. ಗಂಡ ಹೆಂಡತಿ ಇಬ್ಬರೇ ಇರುವ ಮನೆಗೆ ಬುಟ್ಟಿ ತುಂಬ ರೊಟ್ಟಿ.

“ಯವ್ವಾ, ಟೈಪಿಂಗ್ ಶೈಲಕ್ಕಾರು! ಬರ್ರಿ. ನಾಗೂ, ನೀನೂ ಬಾರವ್ವ. ಎರಡು ವರ್ಷ ಆತಲ್ಲ ಈ ಹೊಸ್ತಿಲು ತುಳಿದು.” ಆಕೆಯ ನಗು ಸುಳ್ಳಿನದಲ್ಲ. ಅದೇ ನನಗೆ ಕಷ್ಟವಾಯಿತು. “ಸ್ವಲ್ಪ ಸಾವಕಾಶ ಮಾತಾಡೂನು, ಏನ್ರಿ?”

ನೆರೆಮನೆಯವರಿಗೆ ಕೇಳಬಾರದೆಂದಿರಬೇಕು ಎಂದುಕೊಂಡು ನಾನು ಪುಸ್ತಕ ತೆರೆದೆ.

“ಎರಡು ಹೆಸರು ಬರ್ಕೊಳ್ಳೋದಿತ್ತು ಶಿವಬಸಮ್ಮಾರ. ನಿಮ್ಮ ಮೈದುನರ ಹೆಸರು?”

“ಪಾಲಾಕ್ಷಪ್ಪ. ನಾ ಪಾಲಾಕ್ಷಿ ಅಂತೀನಿ. ನಾ ಮದಿವ್ಯಾಗಿ ಬಂದಾಗ ಚಡ್ಡಿ ಹಾಕ್ಕೊಂಡು ಓಡ್ಯಾಡ್ತಿದ್ದ.”

“ಮನಿ ಯಜಮಾನ್ರ ಹೆಸರು?”

ಆಕೆ ಹಿಟ್ಟಿನ ಕೈಯಲ್ಲೇ ಬಾಯಿ ಮುಚ್ಚಿಕೊಂಡು ನಕ್ಕಳು. “ಅದನ್ನ ನನ್ನ ಬಾಯಿಂದ ಯಾಕ ಹೇಳಸ್ತೀರಿ? ನಿಮಗ ಗೊತ್ತಿಲ್ಲೇನು?”

“ಕೋರ್ಟಿನ್ಯಾಗ ಸಾಹೇಬ್ರಿಗೂ ಹಿಂಗ ಅಂದ್ರೇನು?”

ರೊಟ್ಟಿ ಬಡಿಯುವ ಸದ್ದು ನಿಂತಿತು.

“ಯಾವ ಕೋರ್ಟು?”

“ಏಳು ತಿಂಗಳ ಹಿಂದ. ಪಾಲಾಕ್ಷಪ್ಪ ಅಂತ ಪಟ್ ಅಂತ ಹೇಳಿದ್ರಿ. ಯಾರ ಕೂಡ ರಾಜಿ ಅಂದ್ರ ಬಾಯಿಗೆ ಸೆರಗು ಹಿಡಿದು ಕೈ ತೋರಿಸಿದ್ರಿ. ನಿಮ್ಮ ಪಕ್ಕದಾಗ ನಿಂತಿದ್ದ ಜವಾನ ಅಜ್ಜಯ್ಯ ಸೋಮವಾರ ಬರ್ತಾರ. ನಿಮ್ಮ ಧ್ವನಿ ಕೇಳಿದ್ರ ಸಾಕು, ಗುರುತು ಹಿಡೀತಾರ.”

“ನಾ ಕೋರ್ಟಿನ ಮಾರಿನ ನೋಡಿಲ್ಲ.” ಹೆಂಚಿನ ಮೇಲಿನ ರೊಟ್ಟಿ ಸೀಯುತ್ತಿತ್ತು, ಆಕೆ ತಿರುವಿ ಹಾಕಲಿಲ್ಲ. “ಟೈಪ್ ಮಾಡೋ ಹೆಂಗಸಿಗೆ ಪೊಲೀಸ್ ಕೆಲಸ ಕೊಟ್ಟವ್ರು ಯಾರು? ನಡೀರಿ ಹೊರಗ.”

ನಾನು ಇನ್ನೂ ನಾಲ್ಕು ಪ್ರಶ್ನೆ ತಯಾರು ಮಾಡಿಕೊಂಡಿದ್ದೆ. ಕೇಳುವ ಅಗತ್ಯ ಬೀಳಲಿಲ್ಲ. ಅಲ್ಲಿಯವರೆಗೂ ಕಂಬಕ್ಕೆ ಒರಗಿ ನಿಂತಿದ್ದ ನಾಗಲಿಂಗಮ್ಮ ಮುಂದೆ ಬಂದು ಒಲೆಯ ಎದುರು ಕುಕ್ಕರಗಾಲಲ್ಲಿ ಕೂತಳು.

“ಅಕ್ಕಾ, ನನ್ನ ಮಾರಿ ನೋಡು. ಒಂದು ಮಾತು ಹೇಳು, ನಾ ಎದ್ದು ಹೋಗ್ತೀನಿ. ನೀನ ಏನು?”

ಶಿವಬಸಮ್ಮ ನೋಡಿದಳು. ಆಮೇಲೆ ಸೀದ ರೊಟ್ಟಿಯನ್ನು ಎತ್ತಿ ಬೂದಿಗೆ ಎಸೆದು ಎದ್ದು ನಿಂತಳು.

“ಹೌದು. ನಾನ. ಏನ್ ಮಾಡ್ತೀರಿ?”

ಆಕೆ ಹೆಂಚನ್ನು ಒಲೆಯಿಂದ ಇಳಿಸಿದಳು.

“‘ಒಂದು ತಾಸು ನಿಂತು ಬಾ, ಇಲ್ಲಂದ್ರ ತವರಿಗೆ ನಡಿ’ ಅಂದ್ರು. ಅವ್ವ ಇಲ್ಲ, ಅಪ್ಪ ಇಲ್ಲ, ಐವತ್ತು ವರ್ಷದಾಕಿಗೆ ಯಾವ ತವರು? ಹೋದೆ. ನಿಂತಾಕಿ ನಾನು, ಹೆಬ್ಬೆಟ್ಟು ಒತ್ತಿದಾಕಿ ನಾನು. ತೋಟ ಯಾರ ಹೆಸರಿಗಾತು? ನನ್ನ ಹೆಸರಿಗೆ ಈ ಮನ್ಯಾಗ ಒಂದು ಗುಂಟೆ ಐತೇನು, ಒಂದು ಗೋಡಿ ಐತೇನು?” ಆಕೆ ನನ್ನ ಕಡೆ ತಿರುಗಿದಳು. “ಆಕಿಗೆ ಅನ್ಯಾಯ ಆತಂತ ಇಷ್ಟು ದೂರ ಬಂದೀರಿ. ಇಪ್ಪತ್ತೆಂಟು ವರ್ಷ ಈ ಒಲಿ ಮುಂದ ಕುಂತೀನಲ್ಲ, ನನ್ನ ಕೇಳಾಕ ಯಾರು ಬಂದಾರ?”

ಕಳ್ಳಿಯನ್ನು ಹಿಡಿಯಲು ಬಂದವಳು ಕಳ್ಳಿಯ ಎದುರು ತಲೆ ತಗ್ಗಿಸಿ ನಿಂತೆ. ನಾಚಿಕೆಯಾಯಿತು, ಅದನ್ನು ಮುಚ್ಚಿಡುವುದಿಲ್ಲ.

“ಇದನ್ನ ಸೋಮವಾರ ಸಾಹೇಬ್ರ ಮುಂದ ಹೇಳ್ತೀರೇನು?” ಎಂದೆ ಕಡೆಗೆ.

“ಹೇಳ್ತೀನಿ.”

“ಸುಳ್ಳು ಹೆಸರಿನ್ಯಾಗ ನಿಂತದ್ದಕ್ಕ ಶಿಕ್ಷೆ ಆಗಬಹುದು.”

“ಜೈಲಿಗೆ ಹಾಕ್ತಾರೇನು? ಹಾಕ್ಲಿ. ಅಲ್ಲಿ ರೊಟ್ಟಿ ನಾ ಒಬ್ಬಾಕಿನ ಬಡೀಬೇಕಾಗಿಲ್ಲ.”

ನಾಗಲಿಂಗಮ್ಮ ಆಕೆಯ ಹಿಟ್ಟಿನ ಕೈಯನ್ನು ಹಿಡಿದುಕೊಂಡಳು. ಕೇಸು ಗೆದ್ದೆವು ಎಂದುಕೊಂಡೆ ನಾನು. ಆ ಸಂತೋಷ ಎರಡು ನಿಮಿಷವೂ ಬಾಳಲಿಲ್ಲ.

“ಆತಲ್ಲ, ಎಲ್ಲಾ ಬಯಲಿಗೆ ಬಂತಲ್ಲ,” ಎಂದಿತು ಬಾಗಿಲ ಕಡೆಯಿಂದ ಒಂದು ದನಿ.

ಹಾಲೇಶಪ್ಪ ಯಾವಾಗ ಬಂದು ನಿಂತಿದ್ದನೋ. ಬಿಳಿ ಅಂಗಿ, ಹಣೆಯ ಮೇಲೆ ಅಚ್ಚುಕಟ್ಟಾದ ವಿಭೂತಿ, ಕಂಕುಳಲ್ಲಿ ಚೀಲ. ಸಿಟ್ಟಾಗಿದ್ದರೆ ನನಗೆ ಇಷ್ಟು ಹೆದರಿಕೆ ಆಗುತ್ತಿರಲಿಲ್ಲ. ಅವನು ಹೆಂಡತಿಯತ್ತ ನೋಡದೆ ಕುರ್ಚಿ ಎಳೆದುಕೊಂಡು ಕೂತ.

“ಶೈಲಮ್ಮಾರ, ನೀವು ತಿಳಿದವ್ರು. ಕೋರ್ಟಿನ್ಯಾಗ ಗೆದ್ದವ ಸೋತ, ಸೋತವ ಸತ್ತ. ಹೌದಿಲ್ಲೋ? ಸೋಮವಾರ ಹಳೇ ರಾಜಿ ರದ್ದು ಮಾಡಸೂನು, ಹೊಸಾ ರಾಜಿ ಹಾಕೂನು. ಅರ್ಧ ಎಕರೆ ನಾಗಲಿಂಗಿಗೆ, ಒಂದೂವರೆ ನನಗ. ಸಾಹೇಬ್ರೂ ಖುಷಿ ಆಗ್ತಾರ. ನಿಮ್ಮ ವಕೀಲ್ರಿಗೆ ಒಂದು ಮಾತು ಹೇಳ್ರಿ.”

ಸುಳ್ಳು ಯಾಕೆ ಹೇಳಲಿ, ನನ್ನ ಮನಸ್ಸು ಒಂದು ಗಳಿಗೆ ತೂಗಾಡಿತು. ಒಳ್ಳೆಯ ರಾಜಿ ಕೆಟ್ಟದ್ದಲ್ಲ. ನಾನೇ ನೂರಾರು ಟೈಪು ಮಾಡಿದ್ದೇನೆ. ಹೊಡೆದಾಡಿಕೊಂಡ ಅಣ್ಣತಮ್ಮಂದಿರು ಸಹಿ ಹಾಕಿ ಒಂದೇ ಹೋಟೆಲಿನಲ್ಲಿ ಮಂಡಕ್ಕಿ ತಿಂದು ಹೋದದ್ದನ್ನೂ ಕಂಡಿದ್ದೇನೆ. ಅರ್ಧ ಎಕರೆ ಕೈಗೆ ಸಿಗುವುದಂತೂ ಖಚಿತ. ದಾವೆ ಎಂದರೆ ಇನ್ನು ಎಷ್ಟು ವರ್ಷವೋ. ನಾಗಲಿಂಗಮ್ಮನ ಮುಖ ನೋಡಿದೆ.

“ಎರಡೆಕರೆ,” ಎಂದಳು ಅವಳು.

“ಮುಕ್ಕಾಲು ಎಕರೆ. ಬಾವಿ ಕಡಿಂದು.”

“ಎರಡೆಕರೆ. ಒಂದು ಗಿಡ ಕಮ್ಮಿ ಆದ್ರೂ ಒಲ್ಲೆ.” ಅವಳು ಎದ್ದು ಅವನ ಎದುರು ನಿಂತಳು. ‘ರಿ’ ಎನ್ನುವ ಗೌರವವನ್ನು ಅವಳು ಎಂದೋ ಹೊಸ್ತಿಲಾಚೆ ಬಿಟ್ಟಿದ್ದಳು. “ಕಲ್ಲುಹೊಲ ಅದು. ನಿಮ್ಮಪ್ಪನ ಕಾಲದಾಗ ಹುಲ್ಲು ಬೆಳೀತಿರಲಿಲ್ಲ. ಒಬ್ಬಾಕಿ ಗುಂಡಿ ತೋಡೀನಿ, ಕೊಡದಾಗ ನೀರು ಹೊತ್ತು ಒಂದೊಂದು ಗಿಡ ಹಚ್ಚೀನಿ. ‘ಹುಚ್ಚಿ ಕಲ್ಲಿಗೆ ನೀರು ಹಾಕ್ತಾಳ’ ಅಂತ ಊರ ಅಗಸಿ ಬಾಗಿಲ ಕಟ್ಟಿ ಮ್ಯಾಲೆ ಕುಂತು ನಕ್ಕಿದ್ದಿ. ಇವತ್ತ ಹೂವಿನ ವಾಸನಿ ಬಂತೇನು ನಿನಗ?”

“ನಾಗಲಿಂಗಿ, ಹಟ ಬ್ಯಾಡ.”

“ಹಟನ. ಹಟ ಇಲ್ಲದಿದ್ರ ನಾ ಒಂಬತ್ತು ವರ್ಷ ಬದುಕ್ತಿರಲಿಲ್ಲ. ಸೋಮವಾರ ಅಕ್ಕ ಬರ್ತಾಳ, ನಾ ಬರ್ತೀನಿ. ನೀನೂ ಬಾ.”

“ಬರ್ತೀನಿ.” ಹಾಲೇಶಪ್ಪ ಮೆಲ್ಲಗೆ ನಕ್ಕ. “ನಾನೂ ಒಬ್ಬ ಸಾಕ್ಷಿ ಕರ್ಕೊಂಡು ಬರ್ತೀನಿ. ನೀನು ಯಾರ ಪಾಲು ಕೇಳ್ತಿ?”

“ನನ್ನ ಗಂಡಂದು.”

“ಸತ್ತ ಗಂಡಂದು. ಹಂಗಂತ ಅರ್ಜ್ಯಾಗ ಬರ್ದೀರಿ, ಅಲ್ಲೇನ್ರಿ ಶೈಲಮ್ಮಾರ? ನೀವ ಟೈಪ್ ಮಾಡೀರಿ.”

ಅವನು ಕುರ್ಚಿಯಲ್ಲೇ ಹೊರಳಿ, ಎಡಗಡೆಯ ಮುಚ್ಚಿದ ಕೋಣೆಯತ್ತ ದನಿ ಏರಿಸಿದ.

“ತಮ್ಮಾ, ಮಲಗಿದ್ದು ಸಾಕು. ಹೊರಗ ಬಾ.”

ಒಳಗೆ ಮಂಚ ಕಿರುಗುಟ್ಟಿತು. ಅಗಳಿ ಸರಿಯಿತು.

ಹೊಸ್ತಿಲಲ್ಲಿ ಬಂದು ನಿಂತವನಿಗೆ ನಲವತ್ತರ ಆಸುಪಾಸು. ಕುರುಚಲು ಗಡ್ಡ ಅರ್ಧ ಬೆಳ್ಳಗಾಗಿತ್ತು. ಮೈಮೇಲೆ ಅಳತೆಗೆ ದೊಡ್ಡದಾದ ಬನಿಯನ್, ಬಹುಶಃ ಹಾಲೇಶಪ್ಪನದೇ. ಅವನು ಯಾರ ಮುಖವನ್ನೂ ನೋಡಲಿಲ್ಲ. ನೆಲ ನೋಡುತ್ತಾ ಒಂದೇ ಮಾತು ಅಂದ.

“ನಾಗೂ.”

ನಾನು ಪುಸ್ತಕ ಮುಚ್ಚಿದೆ.

“ಮೊನ್ನೆ ಹರಪನಹಳ್ಳಿ ಕಡಿಂದ ಬಂದಾನ. ಊರಾಗ ಇನ್ನೂ ಯಾರೂ ನೋಡಿಲ್ಲ,” ಎಂದ ಹಾಲೇಶಪ್ಪ. “ನನ್ನ ಹೆಂಡ್ತಿ ಏನರ ಹೇಳ್ಲಿ, ಹಳೇ ರಾಜಿ ರದ್ದಾಗ್ಲಿ, ನನಗೇನು? ಗಂಡ ಬದುಕಿದ್ರ ಹೆಂಡ್ತಿಗೆ ಎಲ್ಲಿ ಪಾಲು? ಪಾಲು ಇವಂದು. ಇವ ಅದನ್ನ ನನಗ ಬಿಟ್ಟುಕೊಡ್ತೀನಿ ಅಂತ ಬರ್ಕೊಟ್ಟಾನ.”

ಕಾನೂನು ಅವನು ಹೇಳಿದ ಹಾಗೆಯೇ ಇತ್ತು. ಹದಿನಾರು ವರ್ಷ ವಕೀಲರ ನಡುವೆ ಕೂತು ನಾನು ಅಷ್ಟೂ ಕಲಿಯದವಳಲ್ಲ. ಗಂಡ ಎದುರು ಬಂದು ನಿಂತರೆ ದಾವೆಯೇ ಬಿದ್ದುಹೋಗುತ್ತದೆ. ಅಜ್ಜಯ್ಯನ ಸಾಕ್ಷಿ, ಶಿವಬಸಮ್ಮನ ಧೈರ್ಯ, ಯಾವುದೂ ಎರಡೆಕರೆಯನ್ನು ಉಳಿಸುವುದಿಲ್ಲ.

ಆದರೆ ಇವನು ಪಾಲಾಕ್ಷಪ್ಪನೇ? ನಾನು ಕಂಡಿದ್ದು ಮದುವೆಯ ಫೋಟೋದಲ್ಲಿನ ಬಾಸಿಂಗ ಕಟ್ಟಿದ ಹುಡುಗನನ್ನು ಮಾತ್ರ. ಒಮ್ಮೆ ಆಳು ಬದಲಿಸಿ ಕೋರ್ಟಿನಲ್ಲಿ ನಿಲ್ಲಿಸಿದವನಿಗೆ ಇನ್ನೊಮ್ಮೆ ನಿಲ್ಲಿಸುವುದು ಏನು ಕಷ್ಟ? ನಾನು ಶಿವಬಸಮ್ಮನತ್ತ ನೋಡಿದೆ. ಇಷ್ಟು ಹೊತ್ತು ಗಂಡನಿಗೂ ಹೆದರದೆ ನಿಂತಿದ್ದ ಆಕೆ ಈಗ ನಮಗೆ ಬೆನ್ನು ಮಾಡಿ ಒಲೆಗೆ ಕಟ್ಟಿಗೆ ತುಂಬುತ್ತಿದ್ದಳು.

ನಾಗಲಿಂಗಮ್ಮ ನನ್ನ ಮುಂಗೈ ಹಿಡಿದಿದ್ದಳು. ಅವಳ ಉಗುರು ನನ್ನ ಚರ್ಮಕ್ಕೆ ಇಳಿಯುತ್ತಿತ್ತು. ಆ ಗಂಡಸನ್ನು ಅವಳು ನೋಡುತ್ತಲೇ ಇದ್ದಳು. ಅವನ ಪಾದ, ಕೈ, ಬಿಳಿಯಾದ ಗಡ್ಡ, ತಗ್ಗಿದ ಕಣ್ಣು, ಒಂದನ್ನೂ ಬಿಡಲಿಲ್ಲ. ಅವನು ಒಮ್ಮೆ ತಲೆಯೆತ್ತಿದ. ಅವಳ ತುಟಿ ಅಲುಗಿತು.

ಅವಳು ನನ್ನ ಕೈ ಬಿಟ್ಟಳು. ಸೊಂಟದ ಸೆರಗನ್ನು ಇನ್ನೊಮ್ಮೆ ಬಿಗಿ ಮಾಡಿಕೊಂಡು ಬಾವನ ಕಡೆ ತಿರುಗಿದಳು.

“ಹೋದ ಸಲ ಅಕ್ಕನ್ನ ನಿಲ್ಲಿಸಿದ್ದಿ. ಈ ಸಲ ಇವನ್ನ ಎಲ್ಲಿಂದ ಹಿಡ್ಕೊಂಡು ಬಂದಿ?” ಎಂದಳು. “ಈ ಗಂಡಸು ಯಾರಂತ ನನಗ ಗೊತ್ತಿಲ್ಲ. ಸೋಮವಾರ ಸಾಹೇಬ್ರ ಮುಂದನೂ ಇದನ್ನ ಹೇಳ್ತೀನಿ.”